ಎಲುಬಿನಂಥ ಪತ್ರರಂಧ್ರ ಮತ್ತು ನನ್ನ ಕೆಂಪು ಶಾಯಿ

ಇಂಟರ್ನ್‌ಶಿಪ್‌ಗೆಂದು ನನ್ನನ್ನು ಹಾಕಿದ್ದು ಕೆಲಗೇರಿಯ ಒಂದು ಪ್ರೌಢಶಾಲೆಗೆ. ಒಂಬತ್ತನೆಯ ತರಗತಿಯ ‘ಅಂಗಾಂಶಗಳು’ ಘಟಕ ನನ್ನ ಪಾಲಿಗೆ ಬಂತು. ಆ ಪಾಠದಲ್ಲಿ ಹೊರದರ್ಮದ ಬಗ್ಗೆ ಹೇಳುವಾಗ ಪತ್ರರಂಧ್ರ ಬರುತ್ತದೆ. ಅದರ ಎರಡೂ ಬದಿಗೆ ಮೂತ್ರಪಿಂಡದ ಆಕಾರದ ಕಾವಲು ಕೋಶಗಳಿವೆ, ಅನಿಲಗಳ ವಿನಿಮಯ ಮತ್ತು ಬಾಷ್ಪವಿಸರ್ಜನೆ ಅಲ್ಲಿಂದ ನಡೆಯುತ್ತದೆ ಎಂದು ಪುಸ್ತಕ ಎರಡು ಮೂರು ವಾಕ್ಯಗಳಲ್ಲಿ ಮುಗಿಸುತ್ತದೆ. ಜೊತೆಗೆ ರಿಯೊ ಗಿಡದ ಎಲೆಯ ಸಿಪ್ಪೆ ತೆಗೆದು ಸೂಕ್ಷ್ಮದರ್ಶಕದಲ್ಲಿ ನೋಡುವ ಚಟುವಟಿಕೆಯೂ ಇದೆ. ಮೇಲೆ ಹಸಿರು, ಕೆಳಗೆ ನೇರಳೆ ಬಣ್ಣದ ಎಲೆಯ ಗಿಡ, ಎಲ್ಲ ಕಚೇರಿಗಳ ಕುಂಡದಲ್ಲೂ ಇರುತ್ತದಲ್ಲ, ಅದೇ.

ನಮ್ಮ ಶಾಲೆಯ ಕುಂಡದಲ್ಲಿ ರಿಯೊ ಒಂದೇ ಇತ್ತು, ಎಲೆಗಳು ಏಳೆಂಟು. ಮಕ್ಕಳು ನಲವತ್ತಕ್ಕೂ ಹೆಚ್ಚು. ಆದ್ದರಿಂದ ‘ನಾಳೆ ಬರುವಾಗ ಮನೆ ಹತ್ತಿರದ ಒಂದು ಎಲೆ ತನ್ನಿ’ ಎಂದೆ. ಸಿಪ್ಪೆ ಸುಲಿಯಲು ಬಾರದ ಎಲೆಗಳಿಗೆ ನೇಲ್ ಪಾಲಿಶ್ ಉಪಾಯ ಇಟ್ಟುಕೊಂಡಿದ್ದೆ. ಎಲೆಯ ಮೇಲೆ ಬಣ್ಣವಿಲ್ಲದ ನೇಲ್ ಪಾಲಿಶ್ ತೆಳುವಾಗಿ ಹಚ್ಚಿ, ಒಣಗಿದ ಮೇಲೆ ಸೆಲ್ಲೋಟೇಪ್ ಒತ್ತಿ ಎತ್ತಿದರೆ ಹೊರದರ್ಮದ ಅಚ್ಚು ಬರುತ್ತದೆ. ಅದನ್ನು ಗಾಜಿನ ಪಟ್ಟಿಗೆ ಅಂಟಿಸಿದರೆ ಸ್ಲೈಡ್ ಸಿದ್ಧ. ಬಿಎಸ್ಸಿ ಓದುವಾಗ ಕಲಿತ ಅಗ್ಗದ ವಿದ್ಯೆ.

ಮಕ್ಕಳು ಬೇವು, ಮಾವು, ದಾಸವಾಳ, ಸೋಯಾ ಎಲೆ ತಂದರು. ಹೊಲದ ಮನೆಯಿಂದ ಬರುವ ಒಬ್ಬ ಹುಡುಗಿ ಗೋವಿನಜೋಳದ ಎಲೆ ತಂದಿದ್ದಳು. ಸರದಿಯಲ್ಲಿ ಸೂಕ್ಷ್ಮದರ್ಶಕಕ್ಕೆ ಕಣ್ಣಿಟ್ಟವಳು ಎದ್ದು ಹೇಳಿದಳು: “ಟೀಚರ್, ನನ್ನ ಎಲ್ಯಾಗ ಮೂತ್ರಪಿಂಡ ಇಲ್ರಿ. ಎಲುಬು ಅದಾವ್ರಿ.” ತರಗತಿ ನಕ್ಕಿತು. ನಾನೂ ನಕ್ಕೆ. ಗಡಿಯಾರ ನೋಡಿದೆ, ಹದಿನಾಲ್ಕು ನಿಮಿಷ ಉಳಿದಿತ್ತು, ಹಿಂದಿನ ಬೆಂಚಿನಲ್ಲಿ ಮೇಲ್ವಿಚಾರಕರು ಕುಳಿತಿದ್ದರು. “ಸರಿಯಾಗಿ ಫೋಕಸ್ ಮಾಡಿ ನೋಡು” ಎಂದು ಮುಂದಿನವರನ್ನು ಕರೆದೆ.

ಸಂಜೆ ಚಟುವಟಿಕೆ ಪುಸ್ತಕಗಳನ್ನು ತಿದ್ದುತ್ತ ಕೂತಾಗ ಅವಳ ಚಿತ್ರ ಸಿಕ್ಕಿತು. ಎರಡು ಉದ್ದನೆಯ ಕೋಶಗಳು, ತುದಿಗಳು ಉಬ್ಬಿವೆ, ನಡು ಸಣಕಲು, ಮಧ್ಯೆ ಒಂದು ಸೀಳು. ಅಕ್ಕಪಕ್ಕದಲ್ಲಿ ತ್ರಿಕೋನದಂಥ ಇನ್ನೆರಡು ಕೋಶಗಳು. ಅಂಥವನ್ನು ಹೊಲದ ಸಾಲಿನ ಹಾಗೆ ನೇರ ಸಾಲಿನಲ್ಲಿ ಬರೆದಿದ್ದಳು. ನಾನು ಕೆಂಪು ಶಾಯಿಯಲ್ಲಿ ಗುರುತು ಹಾಕಿ ‘ಆಕಾರ ತಪ್ಪು. ಪುಸ್ತಕ ನೋಡಿ ಮತ್ತೊಮ್ಮೆ ಬರೆ’ ಎಂದು ಬರೆದೆ.

ಮರುದಿನ ಅವಳು ಬರೆದುಕೊಂಡು ಬಂದಳು. ಹಳೆಯ ಚಿತ್ರವನ್ನು ರಬ್ಬರಿನಿಂದ ಅಳಿಸಿದ್ದಳು, ಕಾಗದ ತೆಳುವಾಗಿ ಹರಿಯುವ ಹಾಗಾಗಿತ್ತು. ಅದರ ಮೇಲೆ ಪುಸ್ತಕದ ಪತ್ರರಂಧ್ರ, ಎರಡು ಚೆಂದದ ಮೂತ್ರಪಿಂಡ. ಕೆಳಗೆ ‘ಗೋವಿನಜೋಳದ ಎಲೆ’ ಎಂಬ ಹೆಸರು ಮಾತ್ರ ಹಾಗೆಯೇ ಇತ್ತು. ನಾನು ಸರಿ ಗುರುತು ಹಾಕಿದೆ.

ತಪ್ಪು ನನಗೆ ಹೊಳೆದದ್ದು ಮೂರು ದಿನದ ನಂತರ, ಪಾಠ ಯೋಜನೆಗೆಂದು ನನ್ನ ಹಳೆಯ ಬಿಎಸ್ಸಿ ಪ್ರಾಯೋಗಿಕ ದಾಖಲೆ ಪುಸ್ತಕ ತಿರುವುವಾಗ. ಅಲ್ಲಿ ನನ್ನದೇ ಕೈಯ ಚಿತ್ರವಿತ್ತು: ಹುಲ್ಲಿನ ಜಾತಿಯ ಪತ್ರರಂಧ್ರ, ಡಂಬೆಲ್ ಆಕಾರದ ಕಾವಲು ಕೋಶಗಳು, ಪಕ್ಕದಲ್ಲಿ ತ್ರಿಕೋನಾಕಾರದ ಸಹಾಯಕ ಕೋಶಗಳು. ಪೂರ್ಣ ಅಂಕ. ಎಂದರೆ ನನಗೆ ಗೊತ್ತಿತ್ತು. ಗೊತ್ತಿದ್ದೂ ಎದುರಿಗಿದ್ದ ಎಲೆಯಲ್ಲಿ ಅದನ್ನು ಗುರುತಿಸಲಿಲ್ಲ. ಏಕೆಂದರೆ ನನ್ನ ಪಾಠ ಯೋಜನೆಯ ‘ನಿರೀಕ್ಷಿತ ಉತ್ತರ’ ಎಂಬ ಕಾಲಮಿನಲ್ಲಿ ಮೂತ್ರಪಿಂಡ ಎಂದಿತ್ತು.

ನನ್ನ ಅಭಿಪ್ರಾಯ ಇಷ್ಟೇ. ಪತ್ರರಂಧ್ರದ ಪಾಠವನ್ನು ನಾವು ಒಂದು ಚಿತ್ರದ ಪಾಠ ಮಾಡಿಬಿಟ್ಟಿದ್ದೇವೆ. ಬರೆಯುವುದು, ಭಾಗ ಗುರುತಿಸುವುದು, ಎರಡು ಅಂಕ. ಎಲೆ ನೀರನ್ನು ಹೇಗೆ ಬಿಡುತ್ತದೆ, ಯಾವಾಗ ತಡೆಯುತ್ತದೆ, ತಡೆದರೆ ಏನು ಕಳೆದುಕೊಳ್ಳುತ್ತದೆ ಎಂಬ ವಿಷಯ ಆ ಚಿತ್ರದ ಹಿಂದೆ ಉಳಿದುಬಿಡುತ್ತದೆ. ಕೆಲಗೇರಿಯಂಥ ಊರಿನಲ್ಲಿ ಆ ವಿಷಯ ಶಾಲೆಯ ಕಂಪೌಂಡಿನ ಆಚೆಯೇ ನಿಂತಿರುತ್ತದೆ.

ಮೊದಲು ಆಕಾರದ ಮಾತು ಮುಗಿಸುತ್ತೇನೆ. ಕಾವಲು ಕೋಶ ಬಾಗಿಲು ತೆರೆಯುವುದು ನೀರಿನ ಒತ್ತಡದಿಂದ. ಬೆಳಕು ಬಿದ್ದಾಗ ಕೋಶದೊಳಗೆ ಪೊಟ್ಯಾಸಿಯಂ ಅಯಾನುಗಳು ಸೇರುತ್ತವೆ, ಅವುಗಳ ಬೆನ್ನಿಗೆ ನೀರು ಬರುತ್ತದೆ, ಕೋಶ ಉಬ್ಬುತ್ತದೆ. ಮೂತ್ರಪಿಂಡದ ಆಕಾರದ ಕೋಶದಲ್ಲಿ ರಂಧ್ರದ ಕಡೆಯ ಗೋಡೆ ದಪ್ಪ, ಹೊರಗಿನದು ತೆಳು. ಗೋಡೆಯ ನಾರುಗಳು ಕೋಶವನ್ನು ಬಳೆಯ ಹಾಗೆ ಸುತ್ತಿರುವುದರಿಂದ ಅದು ದಪ್ಪವಾಗುವ ಬದಲು ಹೊರಗಡೆಗೆ ಬಾಗುತ್ತದೆ, ನಡುವೆ ಬಾಯಿ ತೆರೆಯುತ್ತದೆ. ಉದ್ದನೆಯ ಎರಡು ಬಲೂನುಗಳ ಒಳಬದಿಗೆ ಟೇಪ್ ಅಂಟಿಸಿ ಊದಿದರೆ ಮಕ್ಕಳಿಗೆ ಇದು ಒಂದೇ ನಿಮಿಷದಲ್ಲಿ ತಿಳಿಯುತ್ತದೆ. ಹುಲ್ಲಿನ ಜಾತಿಯಲ್ಲಿ ವಿಧಾನ ಬೇರೆ. ಅಲ್ಲಿ ನಡುವಿನ ಭಾಗ ಗಟ್ಟಿ ಸರಳಿನಂತಿರುತ್ತದೆ, ಉಬ್ಬುವುದು ಎರಡು ತುದಿಗಳು ಮಾತ್ರ. ತುದಿಗಳು ಉಬ್ಬಿದಾಗ ಸರಳುಗಳು ಒಂದರಿಂದ ಒಂದು ದೂರ ಸರಿಯುತ್ತವೆ, ಸೀಳು ಅಗಲವಾಗುತ್ತದೆ. ಪಕ್ಕದ ಸಹಾಯಕ ಕೋಶಗಳು ಅದೇ ಹೊತ್ತಿಗೆ ಒತ್ತಡ ಕಳೆದುಕೊಂಡು ಜಾಗ ಬಿಡುತ್ತವೆ. ಸ್ವಲ್ಪ ಉಬ್ಬಿದರೂ ಬಾಯಿ ಸಾಕಷ್ಟು ತೆರೆಯುವುದರಿಂದ ಈ ಬಾಗಿಲು ಬೇಗ ತೆರೆದು ಬೇಗ ಮುಚ್ಚುತ್ತದೆ. ಬಿಸಿಲು, ಮೋಡ, ಗಾಳಿ ಗಳಿಗೆಗೊಮ್ಮೆ ಬದಲಾಗುವ ಬಯಲಿನಲ್ಲಿ ಬದುಕುವ ಗಿಡಕ್ಕೆ ಇದು ಸಣ್ಣ ಅನುಕೂಲವಲ್ಲ.

ಇದೇನೂ ಹೊಸ ಸಂಶೋಧನೆಯಲ್ಲ. ಸೈಮನ್ ಶ್ವೆಂಡನರ್ ಎಂಬ ವಿಜ್ಞಾನಿ ಹುಲ್ಲಿನ ಜಾತಿಯ ಪತ್ರರಂಧ್ರಗಳ ಬಗ್ಗೆಯೇ 1889ರಲ್ಲಿ ಬರೆದಿದ್ದಾರೆ. ಇನ್ನೂ ಒಂದು ಮಾತು: ಭತ್ತ, ಜೋಳ, ಗೋಧಿ, ರಾಗಿ, ಗೋವಿನಜೋಳ, ಕಬ್ಬು ಎಲ್ಲವೂ ಹುಲ್ಲಿನ ಜಾತಿಯವೇ. ಮಧ್ಯಾಹ್ನದ ಬಿಸಿಯೂಟದ ಅನ್ನ, ಮನೆಯ ರೊಟ್ಟಿ, ಚಹಾದ ಸಕ್ಕರೆ, ಇವುಗಳಲ್ಲಿರುವ ಇಂಗಾಲವೆಲ್ಲ ಗಾಳಿಯಿಂದ ಎಲೆಯೊಳಗೆ ಬಂದದ್ದು ಎಲುಬಿನಂಥ ಬಾಗಿಲಿನಿಂದ. ನಾವು ಮಾತ್ರ ಮಕ್ಕಳಿಗೆ ಕುಂಡದ ರಿಯೊದ ಬಾಗಿಲನ್ನೇ ತೋರಿಸುತ್ತೇವೆ.

ಈ ಸಂಗತಿಯನ್ನು ಸಹಪ್ರಶಿಕ್ಷಣಾರ್ಥಿಗಳ ಮುಂದೆ ಹೇಳಿದಾಗ ಒಬ್ಬರು ಸುಲಭದ ಪರಿಹಾರ ಕೊಟ್ಟರು: “ದ್ವಿದಳದಲ್ಲಿ ಮೂತ್ರಪಿಂಡ, ಏಕದಳದಲ್ಲಿ ಡಂಬೆಲ್ ಅಂತ ಬರೆಸಿಬಿಡು, ಮುಗೀತು.” ಗೈಡುಗಳಲ್ಲೂ ಹೀಗೇ ಕಾಣುತ್ತದೆ. ಆದರೆ ಪುಸ್ತಕದ ರಿಯೊ ಏಕದಳ ಸಸ್ಯ! ಅದರ ಕಾವಲು ಕೋಶಗಳು ಮೂತ್ರಪಿಂಡದ ಹಾಗಿವೆ. ಈರುಳ್ಳಿಯೂ ಹಾಗೆಯೇ. ಡಂಬೆಲ್ ಆಕಾರ ಇರುವುದು ಮುಖ್ಯವಾಗಿ ಹುಲ್ಲು ಮತ್ತು ಜೇಕಿನ ಕುಟುಂಬಗಳಲ್ಲಿ. ಒಂದು ತಪ್ಪನ್ನು ಸರಿಪಡಿಸಲು ಹೋಗಿ ಇನ್ನೊಂದು ತಪ್ಪನ್ನು ಕಂಠಪಾಠ ಮಾಡಿಸುವುದು ಎಷ್ಟು ಸುಲಭ ಎಂದು ಅಂದು ತಿಳಿಯಿತು. ಎಲೆ ನೋಡದೆ ಬರೆದ ಸೂತ್ರಕ್ಕೆ ಈ ಅಪಾಯ ಇದ್ದೇ ಇರುತ್ತದೆ.

ಆಕಾರಕ್ಕಿಂತ ದೊಡ್ಡ ವಿಷಯ ಮುಂದಿನದು. ನಾನು ಬಾಷ್ಪವಿಸರ್ಜನೆಯ ವ್ಯಾಖ್ಯೆ ಬರೆಸಿದ ದಿನ ಹಿಂದಿನ ಬೆಂಚಿನ ಒಬ್ಬ ಹುಡುಗ ಕೇಳಿದ: “ನೀರು ಹೋಗ್ತದಂದ್ರ ಗಿಡ ಬಾಗಲಾ ಯಾಕ ತಗದಿಡತೈತ್ರಿ? ಮುಚ್ಚಿಬಿಟ್ರ ಆತಲ್ಲ?” ಇಡೀ ಪಾಠದಲ್ಲಿ ಇದಕ್ಕಿಂತ ಒಳ್ಳೆಯ ಪ್ರಶ್ನೆ ಇರಲಿಲ್ಲ. ನನ್ನ ಯೋಜನೆಯಲ್ಲಂತೂ ಇರಲಿಲ್ಲ. ನಾನು ಕೊಟ್ಟ ಉತ್ತರ ‘ಬೇರಿನಿಂದ ನೀರು ಮೇಲೇರಲು ಮತ್ತು ಎಲೆ ತಂಪಾಗಿರಲು.’ ಇದು ತಪ್ಪಲ್ಲ, ಆದರೆ ಅರ್ಧ ಉತ್ತರ. ಗಿಡ ಬಾಗಿಲು ತೆರೆಯುವುದು ಮೊದಲಿಗೆ ಊಟಕ್ಕೆ. ಗಾಳಿಯಲ್ಲಿರುವ ಇಂಗಾಲದ ಡೈಆಕ್ಸೈಡ್ ಶೇ. 0.04ರಷ್ಟು ಮಾತ್ರ. ಅಷ್ಟು ವಿರಳವಾದದ್ದನ್ನು ಹಿಡಿಯಲು ಬಾಗಿಲು ತೆರೆದರೆ, ಎಲೆಯೊಳಗಿನ ಗಾಳಿಯಲ್ಲಿ ತುಂಬಿಕೊಂಡಿರುವ ನೀರಾವಿ ಹೊರಗಿನ ಒಣ ಗಾಳಿಗೆ ನುಗ್ಗುತ್ತದೆ. ಒಳಗೆ ಬರುವುದು ಹನಿಯಷ್ಟು, ಹೊರಗೆ ಹೋಗುವುದು ಕೊಡದಷ್ಟು. ಸೋಯಾ, ಭತ್ತದಂಥ ಗಿಡಗಳು ಒಂದು ಇಂಗಾಲದ ಡೈಆಕ್ಸೈಡ್ ಅಣುವನ್ನು ಹಿಡಿಯಲು ಸುಮಾರು 400ರಿಂದ 500 ನೀರಿನ ಅಣುಗಳನ್ನು ಬಿಟ್ಟುಕೊಡುತ್ತವೆ. ಬೇರು ಹೀರಿದ ನೀರಿನಲ್ಲಿ 95 ಪಾಲಿಗೂ ಹೆಚ್ಚು ಹೀಗೆ ಆವಿಯಾಗಿ ಹೋಗುತ್ತದೆ, ಗಿಡದ ಮೈಗೆ ಉಳಿಯುವುದು ಬಹಳ ಕಡಿಮೆ. ಗೋವಿನಜೋಳ, ಜೋಳ, ಕಬ್ಬಿನಲ್ಲಿ ಇಂಗಾಲದ ಡೈಆಕ್ಸೈಡನ್ನು ಒಳಗೆ ಒಟ್ಟುಮಾಡಿ ಕೊಡುವ ಹೆಚ್ಚುವರಿ ವ್ಯವಸ್ಥೆ ಇರುವುದರಿಂದ ಬಾಗಿಲನ್ನು ಕಿರಿದಾಗಿ ತೆರೆದರೂ ಸಾಕಾಗುತ್ತದೆ, ನೀರಿನ ಖರ್ಚು ಸುಮಾರು ಅರ್ಧಕ್ಕೆ ಇಳಿಯುತ್ತದೆ.

ಹಾಗಾಗಿ ಪತ್ರರಂಧ್ರ ಒಂದು ವ್ಯಾಪಾರದ ಕಟ್ಟೆ. ಮುಚ್ಚಿದರೆ ನೀರು ಉಳಿಯುತ್ತದೆ, ಹಸಿವು ಶುರುವಾಗುತ್ತದೆ. ತೆರೆದರೆ ಊಟ ಸಿಗುತ್ತದೆ, ಬಾಯಾರಿಕೆ ಹೆಚ್ಚುತ್ತದೆ. ಇದನ್ನು ಮಕ್ಕಳಿಗೆ ನಾನು ಹೇಳಿದ್ದು ಮುಂದಿನ ವಾರ. ಆ ಹುಡುಗ ಒಂದು ಕ್ಷಣ ಯೋಚಿಸಿ, “ಹಂಗಾರ ಮಳಿ ಹೋದಾಗ ಬೆಳಿ ಬೆಳಿಯೂದು ನಿಲ್ಲೂದು ನೀರಿಲ್ಲಂತ ಅಷ್ಟ ಅಲ್ಲ, ಬಾಗಲಾ ಮುಚ್ಚಿ ಉಪಾಸ ಇರತೈತಿ” ಎಂದ. ಬಿಇಡಿಯ ಭಾಷೆಯಲ್ಲಿ ಇದನ್ನು ‘ಜ್ಞಾನದ ರಚನೆ’ ಎನ್ನುತ್ತಾರೆ. ನಾವು ರಚನಾವಾದದ ಬಗ್ಗೆ ಹತ್ತು ಅಂಕದ ಉತ್ತರ ಬರೆಯುತ್ತೇವೆ, ಅದು ಎದುರಿಗೆ ನಡೆದಾಗ ಗಡಿಯಾರ ನೋಡುತ್ತೇವೆ.

ಆ ಆಗಸ್ಟಿನಲ್ಲಿ ಮಳೆ ಕೆಲವು ದಿನ ಕೈಕೊಟ್ಟಿತ್ತು. ಶಾಲೆಯ ಹಿಂದಿನ ಹೊಲದಲ್ಲಿ ಗೋವಿನಜೋಳ ಎದೆಯೆತ್ತರ. ಮಧ್ಯಾಹ್ನದ ಬಿಡುವಿನಲ್ಲಿ ನೋಡಿದರೆ ಎಲೆಗಳು ಕೊಳವೆಯಂತೆ ಸುತ್ತಿಕೊಂಡಿದ್ದವು, ಸಂಜೆ ಐದರ ಹೊತ್ತಿಗೆ ಮತ್ತೆ ಬಿಚ್ಚಿಕೊಳ್ಳುತ್ತಿದ್ದವು. ಇದನ್ನು ನನಗೆ ತೋರಿಸಿದ್ದು ಮಕ್ಕಳೇ. ಎಲೆಯ ಮೇಲ್ಭಾಗದಲ್ಲಿ ಸಾಲಾಗಿರುವ ದೊಡ್ಡ ಕೋಶಗಳು ನೀರು ಕಳೆದುಕೊಂಡು ಕುಗ್ಗಿದಾಗ ಎಲೆ ಒಳಗೆ ಸುರುಳಿಯಾಗುತ್ತದೆ. ಬಿಸಿಲಿಗೆ ಒಡ್ಡುವ ಮೈ ಕಡಿಮೆಯಾಗುತ್ತದೆ, ಸುರುಳಿಯೊಳಗಿನ ಗಾಳಿ ತೇವವಾಗಿಯೇ ಉಳಿಯುತ್ತದೆ. ಮಣ್ಣು ಒಣಗಿದಾಗ ಗಿಡದಲ್ಲಿ ಅಬ್ಸಿಸಿಕ್ ಆಮ್ಲ ಎಂಬ ಹಾರ್ಮೋನು ಹೆಚ್ಚುತ್ತದೆ. ಅದು ತಾಗಿದ ಕಾವಲು ಕೋಶಗಳು ಪೊಟ್ಯಾಸಿಯಂ ಹೊರಹಾಕಿ ಸೋಲುತ್ತವೆ, ಬಾಗಿಲು ಮುಚ್ಚುತ್ತದೆ. ಅಪ್ಪ ಅವ್ವ ಹೊಲದ ಬದುವಿನಲ್ಲಿ ನಿಂತು ‘ಬೆಳಿ ಸುತ್ತಾಕ ಹತ್ತೈತಿ’ ಎಂದು ಚಿಂತೆ ಮಾಡುವುದನ್ನು ಕೇಳಿ ಬೆಳೆದ ಮಗುವಿಗೆ ಬಾಷ್ಪವಿಸರ್ಜನೆ ಪರಿಚಯವಿಲ್ಲದ ಪದ ಇರಬಹುದು, ಪರಿಚಯವಿಲ್ಲದ ವಿಷಯವಲ್ಲ.

ಕೆಲಗೇರಿಗೆ ಹೋಗುವವರಿಗೆ ಇನ್ನೊಂದು ಅನುಕೂಲ ಇದೆ. ಪಶ್ಚಿಮಕ್ಕೆ ಮಲೆನಾಡಿನ ಸೆರಗು, ಪೂರ್ವಕ್ಕೆ ನವಲಗುಂದದ ಕಡೆಯ ಎರೆಭೂಮಿ, ನಡುವೆ ಈ ಊರು. ಸುತ್ತ ಆಪೂಸು ಮಾವಿನ ತೋಟಗಳು, ಊರ ಮಗ್ಗುಲಿಗೆ ಕೆರೆ, ಕೆರೆಯಲ್ಲಿ ಯಾರೂ ಬೇಡವೆಂದರೂ ಹಬ್ಬುವ ಅಂತರಗಂಗೆ. ನಾನು ಮಾವು, ಗೋವಿನಜೋಳ, ಅಂತರಗಂಗೆಯ ಒಂದೊಂದು ಎಲೆಯನ್ನು ತೊಟ್ಟಿಗೆ ದಾರ ಕಟ್ಟಿ ತರಗತಿಯ ಕಿಟಕಿಯಲ್ಲಿ ತೂಗುಹಾಕಿದೆ. ಅಂತರಗಂಗೆಯ ಎಲೆ ಶಾಲೆ ಬಿಡುವ ಮೊದಲೇ ಜೋತುಬಿತ್ತು. ಗೋವಿನಜೋಳ ಸುರುಳಿ ಸುತ್ತಿ ನಿಂತಿತು. ಮಾವಿನೆಲೆ ಮೂರನೆಯ ದಿನವೂ ಹೆಚ್ಚುಕಡಿಮೆ ಗಟ್ಟಿಯಾಗಿತ್ತು. ಯಾವಾಗಲೂ ನೀರಿನಲ್ಲೇ ಇರುವ ಗಿಡ ಉಳಿತಾಯ ಕಲಿತಿಲ್ಲ, ಏಪ್ರಿಲ್ ಬಿಸಿಲಿನಲ್ಲೂ ಎಲೆ ಉಳಿಸಿಕೊಳ್ಳಬೇಕಾದ ಮಾವು ದಪ್ಪ ಮೇಣದ ಪದರ ಹೊದ್ದುಕೊಂಡಿದೆ. ಕಿತ್ತ ಎಲೆಯ ಈ ಪ್ರಯೋಗ ಪತ್ರರಂಧ್ರದ ಲೆಕ್ಕವೊಂದೇ ಅಲ್ಲ, ಮೇಣದ ಪದರದ ಲೆಕ್ಕವೂ ಸೇರಿದೆ ಎಂಬುದನ್ನು ಮಕ್ಕಳಿಗೆ ಹೇಳಲೇಬೇಕು. ಹೇಳದಿದ್ದರೆ ಅದು ನನ್ನ ಇನ್ನೊಂದು ಕೆಂಪು ಶಾಯಿ.

ವ್ಯಾಸಲೀನ್ ಪ್ರಯೋಗವನ್ನೂ ಮಾವಿನೆಲೆಯಲ್ಲಿ ಮಾಡಿದೆವು. ಒಂದು ಎಲೆಯ ಮೇಲ್ಭಾಗಕ್ಕೆ, ಒಂದರ ಕೆಳಭಾಗಕ್ಕೆ, ಒಂದರ ಎರಡೂ ಕಡೆಗೆ ಹಚ್ಚಿ, ಒಂದನ್ನು ಹಾಗೆಯೇ ಬಿಟ್ಟು ತೂಗುಹಾಕಿದೆವು. ಯಾವುದು ಹೆಚ್ಚು ದಿನ ಹಸಿರಾಗಿ ಉಳಿಯುತ್ತದೆ ಎಂದು ಮೊದಲೇ ಕೇಳಿದಾಗ ಎರಡೂ ಕಡೆ ಹಚ್ಚಿದ್ದು ಎಂಬುದರಲ್ಲಿ ಯಾರಿಗೂ ಅನುಮಾನವಿರಲಿಲ್ಲ. ಎರಡನೆಯ ಸ್ಥಾನಕ್ಕೆ ಬಹುಪಾಲು ಮಕ್ಕಳು ಮೇಲೆ ಹಚ್ಚಿದ್ದನ್ನೇ ಹೇಳಿದರು, ಬಿಸಿಲು ಬೀಳುವುದು ಮೇಲೆ ತಾನೆ. ಕೆಳಗೆ ಹಚ್ಚಿದ್ದು ಗೆದ್ದಿತು. ಮಾವಿನಲ್ಲಿ ಪತ್ರರಂಧ್ರ ಇರುವುದು ಕೆಳಮೈಯಲ್ಲಿ. ಬಿಸಿಲು ನೇರ ಬಡಿಯದ ಕಡೆ ಬಾಗಿಲು ಇಟ್ಟುಕೊಂಡಿದೆ. ನೆಟ್ಟಗೆ ನಿಲ್ಲುವ ಗೋವಿನಜೋಳದ ಎಲೆಗೆ ಎರಡೂ ಕಡೆ ಇವೆ, ಅದರಲ್ಲಿ ಈ ಪ್ರಯೋಗ ಮಾಡಿದರೆ ಇಷ್ಟು ಸ್ಪಷ್ಟ ಉತ್ತರ ಸಿಗದು. ನೀರಿನ ಮೇಲೆ ತೇಲುವ ತಾವರೆ ಜಾತಿಯ ಎಲೆಗಳಲ್ಲಿ ಮೇಲ್ಭಾಗದಲ್ಲಿ ಮಾತ್ರ. ಎಲ್ಲಿ ಬಾಗಿಲು ಇದ್ದರೆ ಗಾಳಿ ಸಿಗುತ್ತದೆಯೋ ಅಲ್ಲಿ.

ಇದಕ್ಕೆಲ್ಲ ಖರ್ಚು ಎಷ್ಟು? ಒಂದು ನೇಲ್ ಪಾಲಿಶ್, ಒಂದು ಸೆಲ್ಲೋಟೇಪ್, ಒಂದು ಸಣ್ಣ ಡಬ್ಬಿ ವ್ಯಾಸಲೀನ್. ಸ್ಟೀಫನ್ ಹೇಲ್ಸ್ 1727ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಕುಂಡದ ಸೂರ್ಯಕಾಂತಿ ಗಿಡವನ್ನು ಬೆಳಿಗ್ಗೆ ಸಂಜೆ ತಕ್ಕಡಿಯಲ್ಲಿ ತೂಗಿ ಎಷ್ಟು ನೀರು ಹೋಯಿತೆಂದು ಲೆಕ್ಕ ಕೊಟ್ಟಿದ್ದಾನೆ. ಕುಂಡದ ಬಾಯಿಯನ್ನು ಸೀಸದ ತಗಡಿನಿಂದ ಮುಚ್ಚಿದ್ದ, ಮಣ್ಣಿನ ನೀರು ಲೆಕ್ಕದಲ್ಲಿ ಸೇರಬಾರದೆಂದು. ಸುಮಾರು 300 ವರ್ಷದ ಹಿಂದಿನ ಆ ಎಚ್ಚರ ನಮ್ಮ ಹತ್ತನೆಯ ತರಗತಿಯ ‘ಜೀವಕ್ರಿಯೆಗಳು’ ಪಾಠದಲ್ಲೂ ಇದೆ. ಎರಡು ಕುಂಡ, ಒಂದರಲ್ಲಿ ಗಿಡ, ಇನ್ನೊಂದರಲ್ಲಿ ಅಷ್ಟೇ ಎತ್ತರದ ಕೋಲು, ಎರಡರ ಮಣ್ಣನ್ನೂ ಪ್ಲಾಸ್ಟಿಕ್ಕಿನಿಂದ ಮುಚ್ಚಬೇಕು. ನಾನು ನೋಡಿದ ಅಭ್ಯಾಸ ಪಾಠಗಳಲ್ಲಿ ಆ ಕೋಲಿನ ಕುಂಡವನ್ನು ಯಾರೂ ಇಟ್ಟಿರಲಿಲ್ಲ. ಬೇವಿನ ಟೊಂಗೆಗೆ ಪಾಲಿಥಿನ್ ಚೀಲ ಕಟ್ಟುವುದು, ಹನಿ ತೋರಿಸುವುದು, ‘ಇದರಿಂದ ಏನು ತಿಳಿಯಿತು ಮಕ್ಕಳೇ?’ ಎಂದು ಕೇಳುವುದು. ಆ ಹನಿ ಎಲೆಯದೇ ಎಂದು ಹೇಗೆ ತಿಳಿಯಿತು ಎಂದು ಒಬ್ಬ ವಿದ್ಯಾರ್ಥಿ ಕೇಳಿದರೆ ನಮ್ಮ ಬಳಿ ಉತ್ತರವಿಲ್ಲ. ಖಾಲಿ ಕೋಲಿನ ಕುಂಡ ನೋಡಲು ಏನೂ ಚೆಂದವಿಲ್ಲ, ಮೇಲ್ವಿಚಾರಕರಿಗೆ ತೋರಿಸುವಂಥದ್ದೂ ಅಲ್ಲ. ಆದರೆ ಪ್ರಯೋಗ ಪ್ರಯೋಗವಾಗುವುದು ಅದರಿಂದ.

ಅದೇ ಪಾಠದಲ್ಲಿ ಮರುಭೂಮಿಯ ಸಸ್ಯಗಳು ರಾತ್ರಿ ಇಂಗಾಲದ ಡೈಆಕ್ಸೈಡ್ ತೆಗೆದುಕೊಳ್ಳುತ್ತವೆ ಎಂಬ ಒಂದು ಮಾತು ಬಂದು ಹೋಗುತ್ತದೆ. ನಾವು ಮಕ್ಕಳಿಗೆ ‘ಪತ್ರರಂಧ್ರ ಹಗಲು ತೆರೆದಿರುತ್ತದೆ, ರಾತ್ರಿ ಮುಚ್ಚಿರುತ್ತದೆ’ ಎಂದು ಬರೆಸಿ ಆ ಮಾತನ್ನು ದಾಟಿಬಿಡುತ್ತೇವೆ, ಮರುಭೂಮಿ ರಾಜಸ್ಥಾನದಲ್ಲಿದೆ ಎಂಬ ಧೈರ್ಯದಿಂದ. ಹೊಲದ ಬೇಲಿಯ ಕತ್ತಾಳೆ, ಮನೆಯಂಗಳದ ಲೋಳೆಸರ, ಪಾಪಾಸುಕಳ್ಳಿ ಎಲ್ಲವೂ ಅದೇ ಪದ್ಧತಿಯವು. ತಂಪಾದ ರಾತ್ರಿ ಬಾಗಿಲು ತೆರೆದು ಇಂಗಾಲದ ಡೈಆಕ್ಸೈಡನ್ನು ಆಮ್ಲವಾಗಿ ಕೂಡಿಡುತ್ತವೆ, ಹಗಲು ಬಾಗಿಲು ಮುಚ್ಚಿಕೊಂಡು ಅದನ್ನು ಬಳಸುತ್ತವೆ. ಎಲೆಯ ಅಂಚಿನಲ್ಲಿ ಮರಿ ಹುಟ್ಟಿಸುವ ಕಾಡುಬಸಳೆಯೂ ಹಾಗೆಯೇ. ಅದರ ಎಲೆ ಬೆಳಿಗ್ಗೆ ಹುಳಿಯಾಗಿದ್ದು ಮಧ್ಯಾಹ್ನಕ್ಕೆ ಸಪ್ಪೆಯಾಗುತ್ತದೆ ಎಂದು ಬೆಂಜಮಿನ್ ಹೈನ್ 1813ರಲ್ಲಿ ಒಂದು ಪತ್ರದಲ್ಲಿ ಬರೆದ. ಈತ ನಮ್ಮ ಬೆಂಗಳೂರಿನ ಲಾಲ್‌ಬಾಗನ್ನು ನೋಡಿಕೊಂಡಿದ್ದ ಸಸ್ಯಶಾಸ್ತ್ರಜ್ಞ, ಪರೀಕ್ಷೆಗೆ ಬಳಸಿದ್ದು ತನ್ನ ನಾಲಿಗೆಯನ್ನು. ಮಕ್ಕಳಿಗೆ ಮಾತ್ರ ತಿನ್ನಿಸುವುದು ಬೇಡ, ಆ ಎಲೆಯಲ್ಲಿ ದೇಹಕ್ಕೆ ಆಗದ ಅಂಶಗಳಿವೆ. ಶಾಲೆ ಶುರುವಾಗುವಾಗ ಒಮ್ಮೆ, ಬಿಡುವ ಹೊತ್ತಿಗೆ ಒಮ್ಮೆ ಎಲೆ ಜಜ್ಜಿ ರಸವನ್ನು ಪಿಎಚ್ ಕಾಗದಕ್ಕೆ ತಾಗಿಸಿದರೆ ಸಾಕು.

ಇದಕ್ಕೆ ಎದುರು ವಾದಗಳಿವೆ, ನಾನೂ ಒಪ್ಪುವಂಥವು. ಒಂದು ಅವಧಿ ನಲವತ್ತು ನಿಮಿಷ. ಸೂಕ್ಷ್ಮದರ್ಶಕ ಒಂದು, ಅದರ ಕನ್ನಡಿ ಅಲುಗಾಡುತ್ತದೆ. ಶಾಲೆಯವರು ನಮಗೆ ಕೊಟ್ಟ ಘಟಕವನ್ನು ಹೇಳಿದ ದಿನಕ್ಕೆ ಮುಗಿಸದಿದ್ದರೆ ಮುಂದಿನ ವರ್ಷದ ಪ್ರಶಿಕ್ಷಣಾರ್ಥಿಗಳಿಗೆ ತರಗತಿ ಕೊಡಲು ಹಿಂದೆಮುಂದೆ ನೋಡುತ್ತಾರೆ. ಎರಡು ಆಕಾರ ಹೇಳಿದರೆ ಮಕ್ಕಳು ಗೊಂದಲಕ್ಕೆ ಬೀಳುತ್ತಾರೆ ಎಂದೂ ಕೆಲವರು ಹೇಳಿದರು. ಈ ಕೊನೆಯ ಮಾತನ್ನು ಮಾತ್ರ ನಾನು ಒಪ್ಪಲಾರೆ. ಆ ಹುಡುಗಿಗೆ ಗೊಂದಲವಿರಲಿಲ್ಲ. ತನ್ನ ಎಲೆಯಲ್ಲಿ ಎಲುಬು ಇದೆ ಎಂದು ಸ್ಪಷ್ಟವಾಗಿ ಹೇಳಿದ್ದಳು. ಗೊಂದಲ ಶುರುವಾಗಿದ್ದು ನನ್ನ ಷರಾದಿಂದ.

ಪಾಠ ಯೋಜನೆಯ ನಮೂನೆಯನ್ನು ಬದಲಿಸಿ ಎಂದು ಕೇಳುವ ಅಧಿಕಾರ ನನಗಿಲ್ಲ. ಆದರೆ ವಿಜ್ಞಾನ ವಿಧಾನದ ಪಾಠ ಯೋಜನೆಗಳಲ್ಲಿ ‘ನಿರೀಕ್ಷಿತ ಉತ್ತರ’ದ ಪಕ್ಕ ‘ಬಂದ ಉತ್ತರ’ ಎಂದು ಒಂದು ಕಾಲಮ್ ಇರಲಿ, ಅದನ್ನು ಪಾಠ ಮುಗಿದ ಮೇಲೆ ಪೆನ್ಸಿಲಿನಲ್ಲಿ ತುಂಬೋಣ, ಅವಲೋಕನದ ಅಂಕಗಳಲ್ಲಿ ಎರಡು ಅದಕ್ಕೆ ಇರಲಿ ಎಂದು ಈ ಪತ್ರಿಕೆಯ ಮೂಲಕ ನಮ್ಮ ಉಪನ್ಯಾಸಕರಲ್ಲಿ ಕೇಳುತ್ತೇನೆ. ನಲವತ್ತು ಪಾಠ ಕೊಟ್ಟವರ ಆ ಕಾಲಮ್ ಖಾಲಿ ಇದ್ದರೆ ಅವರ ತರಗತಿಯಲ್ಲಿ ಏನೋ ಸರಿಯಿಲ್ಲ ಎಂದು ಅರ್ಥ.

ಹಳೆಯ ದಾಖಲೆ ಪುಸ್ತಕ ನೋಡಿದ ಮರುದಿನ ನಾನು ಅವಳನ್ನು ಕರೆದು, ನಿನ್ನ ಮೊದಲ ಚಿತ್ರವೇ ಸರಿಯಾಗಿತ್ತು, ತಪ್ಪು ನನ್ನದು ಎಂದು ಇಡೀ ತರಗತಿಯ ಮುಂದೆ ಹೇಳಿದೆ. ಬಿಎಸ್ಸಿಯ ನನ್ನ ಚಿತ್ರವನ್ನೂ ತೋರಿಸಿದೆ. ಅವಳಿಗೆ ಖುಷಿಯಾಗುತ್ತದೆ ಎಂದುಕೊಂಡಿದ್ದೆ. ಅವಳು ಎರಡೂ ಚಿತ್ರ ನೋಡಿ, ಸ್ವಲ್ಪ ಹೊತ್ತು ಸುಮ್ಮನಿದ್ದು ಕೇಳಿದಳು: “ಪರೀಕ್ಷೆದಾಗ ಯಾವ್ದು ಬರೀಬೇಕ್ರಿ, ಟೀಚರ್?”

ನಾನು ‘ಪುಸ್ತಕದ್ದು’ ಎಂದೆ. ಅಂಕ ಹಾಕುವವರು ಯಾರೋ, ಅವರ ಮುಂದೆ ಯಾವ ಮಾದರಿ ಉತ್ತರ ಇರುತ್ತದೋ. ಹೆಸರು ಬರೆದು ಎರಡೂ ಚಿತ್ರ ಬರೆ ಎಂದು ಹೇಳಬಹುದಿತ್ತು ಎಂದು ಬಸ್ಸಿನಲ್ಲಿ ಹೊಳೆಯಿತು. ಕೊನೆಯ ದಿನ ಅವಳ ಚಟುವಟಿಕೆ ಪುಸ್ತಕ ಮತ್ತೆ ನನ್ನ ಕೈಗೆ ಬಂದಾಗ ನೋಡಿದರೆ, ತೆಳುವಾದ ಆ ಹಾಳೆಯ ಎದುರು ಪುಟದಲ್ಲಿ ಎಲುಬಿನ ಚಿತ್ರವನ್ನು ಇನ್ನೊಮ್ಮೆ ಬರೆದಿದ್ದಳು. ಈ ಸಲ ಸಾಲುಗಳು ಇನ್ನೂ ನೇರವಾಗಿದ್ದವು. ಹಳೆಯ ಚಿತ್ರದ ಕೆಳಗಿನ ‘ಗೋವಿನಜೋಳ’ ಹೊಡೆದುಹಾಕಿ ‘ರಿಯೊ’ ಎಂದು ಮಾಡಿದ್ದಳು. ನಾನು ಬರೆಸಿರಲಿಲ್ಲ.

ಗೋವಿನಜೋಳ, ಮಾವು, ಅಂತರಗಂಗೆ, ರಿಯೊಗಳ ಸ್ಲೈಡುಗಳನ್ನು ನಮ್ಮ ವಿಜ್ಞಾನ ವಿಧಾನದ ಕೊಠಡಿಯ ಕಪಾಟಿನಲ್ಲಿ ಇಟ್ಟಿದ್ದೇನೆ, ಮೇಲಿನ ಅರೆ, ಶೂ ಡಬ್ಬಿಯಲ್ಲಿ. ಮುಂದಿನ ತಂಡದವರು ಕೆಲಗೇರಿಗೆ ಹೋಗುವಾಗ ಒಯ್ಯಬಹುದು. ನೇಲ್ ಪಾಲಿಶ್ ಒಣಗಿದೆ, ಹೊಸದು ತರಬೇಕು.